ವೈರ್‌ಲೆಸ್ ಕಡ್ಡಿಗೆ ಸೋಮವಾರದ ಸರ್ವಿಸು

ಚೆನ್ನಾಗಿ ಓಡುತ್ತಿರುವ ಯಂತ್ರವನ್ನು ನಿಲ್ಲಿಸಿ, ಬಿಚ್ಚಿ, ಒರೆಸಿ, ಮತ್ತೆ ಜೋಡಿಸಿ ಓಡಿಸುವುದರಲ್ಲಿ ಒಂದು ಸುಖವಿದೆ. ಅದು ಉಂಡವನಿಗೇ ಗೊತ್ತು. ನಾನು ನೀರು ಸರಬರಾಜಿನ ಪಂಪ್‌ಹೌಸಿಗೆ ಕೆಲಸಕ್ಕೆ ಸೇರಿದಾಗ ಮೀಸೆ ಇನ್ನೂ ಸರಿಯಾಗಿ ಬಂದಿರಲಿಲ್ಲ. ಬಿಟ್ಟು ಬಂದಾಗ ತಲೆಯ ಮೇಲೆ ಕೂದಲು ಉಳಿದಿರಲಿಲ್ಲ. ನಡುವೆ ಮಾಡಿದ್ದೆಲ್ಲ ಈ ಬಿಚ್ಚುವುದು, ಜೋಡಿಸುವುದು. ಓದು ಅಷ್ಟಕ್ಕಷ್ಟೆ, ಅಕ್ಷರ ಕೂಡಿಸಿ ಓದುತ್ತೇನೆ, ಯಾರಾದರೂ ಅವಸರ ಮಾಡಿದರೆ ತಪ್ಪುತ್ತೇನೆ. ಆದರೆ ನಮ್ಮ ಮೇಸ್ತ್ರಿ ಮೊದಲ ದಿನ ಹೇಳಿದ್ದು ಇವತ್ತಿಗೂ ಕಿವಿಯಲ್ಲಿದೆ. ಪಂಪು ಕೆಟ್ಟು ನಿಲ್ಲಲಿ ಅಂತ ಕಾಯುತ್ತಾ ಕೂತರೆ ಸಂಬಳ ಯಾಕೆ, ಪ್ರತಿ ಸೋಮವಾರ ಬೆಳಿಗ್ಗೆ, ಕೆಟ್ಟಿರಲಿ ಬಿಡಲಿ, ಬಿಚ್ಚು ಎಂದಿದ್ದರು. ನಾನು ಬಿಚ್ಚಿದೆ. ನಿವೃತ್ತಿಯಾದ ಮೇಲೆ ಬಿಚ್ಚಲು ಮನೆಯಲ್ಲಿ ಏನೂ ಇರಲಿಲ್ಲ. ಗೋಡೆ ಗಡಿಯಾರ ಬಿಚ್ಚಿದೆ. ಅದು ನಿಂತಿತು. ಇಸ್ತ್ರಿಪೆಟ್ಟಿಗೆಗೆ ಕೈ ಹಾಕುವಷ್ಟರಲ್ಲಿ ನನ್ನವಳು ಅದನ್ನು ಬೀರುವಿನಲ್ಲಿಟ್ಟು ಬೀಗ ಹಾಕಿದಳು.

ಇಂಥ ನನ್ನ ಕೈಗೆ ಬಾಮೈದ ಒಂದು ಕಂಪ್ಯೂಟರ್ ತಂದುಕೊಟ್ಟ. ಅವನ ಆಫೀಸಿನಲ್ಲಿ ಹೊಸದು ಬಂದು ಇದು ಮೂಲೆ ಸೇರಿತ್ತಂತೆ. ಎತ್ತಿ ನೋಡಿದೆ, ಒಳ್ಳೆ ತೂಕದ ಮಾಲು. ಒಂದೇ ಊನ ಅಂದರೆ, ಗಾಳಿಯಲ್ಲಿ ಬರುವ ಇಂಟರ್ನೆಟ್ ಹಿಡಿಯುವ ಅಂಗ ಅದರೊಳಗೆ ಇರಲಿಲ್ಲ. ಅದೇನೂ ದೊಡ್ಡ ಮಾತಾಗಲಿಲ್ಲ, ಯಾಕೆಂದರೆ ನಮ್ಮ ಕಟ್ಟಡದಲ್ಲಿ ಇರುವವರೆಲ್ಲ ನನ್ನಂಥ ಹಳಬರು, ಎಲ್ಲರ ಮನೆಯಲ್ಲೂ ಇಂಥವೇ ಹಳೆ ಕಂಪ್ಯೂಟರುಗಳು. ಕಟ್ಟಡದ ಸಂಘದ ಕಾರ್ಯದರ್ಶಿಗಳು ಮೆಟ್ಟಿಲ ಬಳಿ ಗೋಡೆಗೆ ಎಲ್ಲರಿಗೂ ಸೇರಿ ಒಂದು ವೈಫೈ ಪೆಟ್ಟಿಗೆ ಹಾಕಿಸಿ, ಮನೆಗೊಂದರಂತೆ ಹೆಬ್ಬೆರಳುದ್ದದ ಕಡ್ಡಿಯನ್ನೂ ಒಂದೇ ಅಂಗಡಿಯಿಂದ ತರಿಸಿ ಹಂಚಿದ್ದರು. ಕಂಪ್ಯೂಟರಿನ ಯುಎಸ್‌ಬಿ ಕಿಂಡಿಗೆ ಅದನ್ನು ಸಿಕ್ಕಿಸಿದರೆ, ಮೆಟ್ಟಿಲ ಬಳಿಯ ಪೆಟ್ಟಿಗೆ ಬಿಡುವ ಇಂಟರ್ನೆಟ್ಟನ್ನು ಅದು ಹಿಡಿದುಕೊಡುತ್ತದೆ.

ಸಿಕ್ಕಿಸಿದ ಮಾತ್ರಕ್ಕೆ ಆಗುವುದಿಲ್ಲ, ಇದರ ಡ್ರೈವರ್ ಹಾಕಬೇಕು ಎಂದ ಬಾಮೈದ. ಡ್ರೈವರ್ ಅಂದರೆ ಕಣ್ಣಿಗೆ ಕಾಣುವ ವಸ್ತುವಲ್ಲವಂತೆ. ಈ ಕಡ್ಡಿಯಿಂದ ಹೇಗೆ ಕೆಲಸ ತೆಗೆಯಬೇಕು ಅಂತ ಕಂಪ್ಯೂಟರಿಗೆ ತಿಳಿಸಿ ಹೇಳುವ ಸಾಫ್ಟ್‌ವೇರು. ತನ್ನ ಪೆನ್‌ಡ್ರೈವಿನಲ್ಲಿ ತಂದಿದ್ದನ್ನು ಹಾಕಿದ. ಪರದೆಯ ಮೇಲಿನ ಮಾತೆಲ್ಲ ಕನ್ನಡದಲ್ಲೇ ಬರುವ ಹಾಗೂ ಮಾಡಿಕೊಟ್ಟ. ಅಲ್ಲೇ ಅವನು ತಪ್ಪಿದ್ದು. ಓದಲು ಬಾರದಿದ್ದರೆ ನಾನು ಸುಮ್ಮನಿರುತ್ತಿದ್ದೆ.

ಹೊರಟು ನಿಂತವನನ್ನು, ಇದರ ಮೇಂಟೆನೆನ್ಸು ಹೇಗಪ್ಪಾ ಎಂದು ಕೇಳಿದೆ.

"ಏನೂ ಇಲ್ಲ ಭಾವ. ಮುಟ್ಟದೆ ಬಿಟ್ಟರೆ ಅದೇ ಮೇಂಟೆನೆನ್ಸು."

ನಾನು ತಲೆಯಾಡಿಸಿದೆ. ಒಪ್ಪಿ ಅಲ್ಲ, ಮರುಕದಿಂದ. ಆಫೀಸಿನಲ್ಲಿ ಕುರ್ಚಿ ಮೇಲೆ ಕೂತು ಕೆಲಸ ಮಾಡುವವನು ಯಂತ್ರದ ಕಷ್ಟ ಏನು ಬಲ್ಲ.

ಮೊದಲ ಸೋಮವಾರ ಕಡ್ಡಿಯನ್ನು ಕಿತ್ತು ಒರೆಸಿದೆ. ಅದರ ಬೆನ್ನಿಗೆ ಒಂದು ಬಿಳಿ ಚೀಟಿ, ಚೀಟಿಯ ತುಂಬ ಇರುವೆ ಸಾಲಿನಂಥ ಅಕ್ಷರ. ಕೊಳೆ ಎನ್ನಿಸಿತು. ಸ್ಪಿರಿಟ್ಟಿನಲ್ಲಿ ಬಟ್ಟೆ ಅದ್ದಿ ತಿಕ್ಕಿದೆ. ಚೀಟಿ ಹೋಯಿತು, ಕಡ್ಡಿ ಕನ್ನಡಿಯ ಹಾಗೆ ಹೊಳೆಯಿತು. ಮುಂದಿನ ಸೋಮವಾರದ ಹೊತ್ತಿಗೆ, ಕಂಪ್ಯೂಟರಿನೊಳಗಿನ ಸಾಧನಗಳ ಪಟ್ಟಿಗೆ ಹೋಗುವ ದಾರಿ ಕಂಡುಹಿಡಿದಿದ್ದೆ. ಅಲ್ಲಿ ನಮ್ಮ ಕಡ್ಡಿಯ ಹೆಸರಿನ ಮೇಲೆ ಒತ್ತಿದರೆ 'ಸಾಧನವನ್ನು ತೆಗೆದುಹಾಕಿ' ಎಂದಿತ್ತು. ತೆಗೆದುಹಾಕಿದೆ. ಇಂಟರ್ನೆಟ್ ನಿಂತಿತು. ಕಡ್ಡಿ ಕಿತ್ತು, ಒರೆಸಿ, ಮತ್ತೆ ಸಿಕ್ಕಿಸಿದೆ. ಟಿಣ್ ಎಂದಿತು, ಡ್ರೈವರ್ ಮತ್ತೆ ಬಂದು ಕೂತಿತು, ಇಂಟರ್ನೆಟ್ ಓಡಿತು. ಅಸಲಿಗೆ ಆಗಿದ್ದೇನೆಂದರೆ, ಕಂಪ್ಯೂಟರು ಡ್ರೈವರಿನ ಒಂದು ಪ್ರತಿಯನ್ನು ತನ್ನ ಒಳಗೇ ಜೋಪಾನವಾಗಿ ಇಟ್ಟುಕೊಂಡಿರುತ್ತದೆ, ಅದರಿಂದಲೇ ಮತ್ತೆ ಹಾಕಿಕೊಳ್ಳುತ್ತದೆ. ಇದು ನನಗೆ ಬಹಳ ಆಮೇಲೆ ಗೊತ್ತಾಯಿತು. ಆಗ ನನಗೆ ತಿಳಿದಿದ್ದು, ಇಷ್ಟು ವರ್ಷದ ಕೈಗುಣ ಎಲ್ಲಿಗೂ ಹೋಗಿಲ್ಲ ಎಂದಷ್ಟೆ.

"ಚೆನ್ನಾಗಿರೋದನ್ನ ಯಾಕೆ ಗೋಳು ಹೊಯ್ಕೋತೀರಿ" ಎಂದಳು ನನ್ನವಳು. ಹೆಂಗಸರಿಗೆ ಯಂತ್ರದ ವಿಚಾರ ತಿಳಿಯುವುದಿಲ್ಲ ಎಂದುಕೊಂಡೆ. ಬಾಯಿಬಿಟ್ಟು ಅನ್ನಲಿಲ್ಲ, ಅಷ್ಟು ಬುದ್ಧಿ ಇತ್ತು.

ಈ ವಿದ್ಯೆ ನಮ್ಮ ಮನೆಯೊಳಗೇ ಉಳಿದಿದ್ದರೆ ಚೆನ್ನಾಗಿತ್ತು. ಕಾರ್ಯದರ್ಶಿಗಳು ಒಮ್ಮೆ ಮೆಟ್ಟಿಲಲ್ಲಿ ಸಿಕ್ಕಿ, ನಮ್ಮಲ್ಲಿ ಇಂಟರ್ನೆಟ್ ಆಮೆ ನಡಿಗೆ ಸ್ವಾಮಿ ಎಂದು ನೊಂದುಕೊಂಡರು. ನಾನು ಕೈ ಬೆನ್ನ ಹಿಂದೆ ಕಟ್ಟಿಕೊಂಡು, ಎಷ್ಟು ದಿನವಾಯಿತು ಡ್ರೈವರ್ ಸರ್ವಿಸ್ ಮಾಡಿಸಿ ಎಂದು ಕೇಳಿದೆ. ಅವರು ಗಾಬರಿಯಾದರು. ಯಾವತ್ತೂ ಮಾಡಿಸಿಲ್ಲ ಎಂದು ತಲೆ ತಗ್ಗಿಸಿದರು. ಹೋಗಿ ತೆಗೆದೆ, ಒರೆಸಿದೆ, ಹಾಕಿದೆ. ಕಡ್ಡಿ ಮೊದಲು ಹಿಂದಿನ ಕಿಂಡಿಯಲ್ಲಿ, ಕಬ್ಬಿಣದ ಬೀರುವಿಗೆ ಮೂತಿ ಒತ್ತಿಕೊಂಡಿತ್ತು. ನನಗೆ ಬಗ್ಗಲು ಸೊಂಟ ಬಾರದ್ದರಿಂದ ಮುಂದಿನ ಕಿಂಡಿಗೆ ಸಿಕ್ಕಿಸಿದೆ. ಇಂಟರ್ನೆಟ್ ಕುದುರೆಯಾಯಿತು. ಬೀರು ಅಡ್ಡ ಬಂದದ್ದು, ನನ್ನ ಸೊಂಟ ಉಪಕಾರ ಮಾಡಿದ್ದು ಯಾರ ತಲೆಗೂ ಹೊಳೆಯಲಿಲ್ಲ. ಮಾರನೇ ದಿನ ಸೂಚನಾ ಫಲಕದಲ್ಲಿ, ವೈರ್‌ಲೆಸ್ ತೊಂದರೆ ಇರುವವರು ನೆಲಮಹಡಿಯ ಯಜಮಾನರನ್ನು, ಅಂದರೆ ನನ್ನನ್ನು, ಕಾಣತಕ್ಕದ್ದು ಎಂದು ಕಾರ್ಯದರ್ಶಿಗಳ ಸಹಿಯೊಂದಿಗೆ ಪ್ರಕಟಣೆ ಬಿತ್ತು. ನಾನು ಕಸ ಹಾಕಲು ಹೋಗುವಾಗಲೂ ಆ ಫಲಕದ ಮುಂದೆ ಹಾದು ಹೋಗುವ ದಾರಿಯನ್ನೇ ಹಿಡಿದೆ.

ಗಿರಾಕಿಗಳು ಬಂದರು. ಮೊದಲ ಮಹಡಿಯ ಟೈಪಿಸ್ಟ್ ಅಮ್ಮ, ಕೋರ್ಟಿನ ಕಾಗದಗಳನ್ನು ಮನೆಯಲ್ಲೇ ಟೈಪ್ ಮಾಡಿ ವಕೀಲರಿಗೆ ಕಳಿಸುವವರು. ಅವರ ಎದುರು ಮನೆಯ ಚದುರಂಗದವರು, ಕಂಪ್ಯೂಟರಿನಲ್ಲಿ ಮುಖ ಕಾಣದ ಯಾರದೋ ಜೊತೆ ದಿನವಿಡೀ ಚದುರಂಗ ಆಡಿ, ಸೋತರೆ ನಮ್ಮೆಲ್ಲರ ಮೇಲೆ ರೇಗುವವರು. ಇನ್ನೂ ಒಂದೆರಡು ಮನೆ. ಸೋಮವಾರ ಬೆಳಿಗ್ಗೆ ನಾನು ಸ್ಪಿರಿಟ್ ಬಾಟಲಿ, ಬಟ್ಟೆ ಹಿಡಿದು ಮೆಟ್ಟಿಲು ಹತ್ತಿದರೆ ಊಟದ ಹೊತ್ತಿಗೆ ಇಳಿಯುತ್ತಿದ್ದೆ. ಎಲ್ಲ ಮನೆಯ ಕಡ್ಡಿಗಳೂ ಚೀಟಿ ಕಳೆದುಕೊಂಡು ಹೊಳೆಯುತ್ತಿದ್ದವು.

ಈಗ ನನ್ನವಳ ವಿಚಾರ ಹೇಳಬೇಕು. ಅವಳ ಕೆಲಸ ರಫೂ. ಬಟ್ಟೆ ಹರಿದ ಕಡೆ ಅದೇ ಬಟ್ಟೆಯ ಎಳೆ ತೆಗೆದು, ಎಳೆಗೆ ಎಳೆ ಹೆಣೆದು, ಹರಿದಿತ್ತು ಎಂಬ ಗುರುತೇ ಇಲ್ಲದ ಹಾಗೆ ಮುಚ್ಚುವುದು. ಅವಳಪ್ಪನಿಂದ ಕಲಿತಿದ್ದು. ಮೊದಲು ಬಟ್ಟೆ ಅಂಗಡಿಗಳವರು ಗಂಟುಗಟ್ಟಲೆ ತಂದು ಹಾಕುತ್ತಿದ್ದರು. ಈಗ ಹರಿದರೆ ಎಸೆದು ಹೊಸದು ಕೊಳ್ಳುವ ಕಾಲ. ಗಿರಾಕಿಗಳು ಒಬ್ಬೊಬ್ಬರಾಗಿ ಬರುವುದು ನಿಂತು, ಅವಳ ಸೂಜಿಡಬ್ಬಿ ಮುಚ್ಚಿದ್ದು ಮುಚ್ಚಿದಂತೇ ಇತ್ತು. ಯಾರದಾದರೂ ಅಂಗಿಯಲ್ಲಿ ತೂತು ಕಂಡರೆ ಅವಳು ಮುಖ ನೋಡದೆ ತೂತನ್ನೇ ನೋಡುತ್ತಾ ಮಾತಾಡುತ್ತಿದ್ದಳು.

ಆಗ ದೂರದ ಊರಿನ ಒಂದು ನಾಟಕ ಕಂಪನಿಯಿಂದ ಪಾರ್ಸಲ್ ಬಂತು. ಹಳೆ ಗಿರಾಕಿಯೊಬ್ಬರು ಅವಳ ವಿಳಾಸ ಕೊಟ್ಟಿದ್ದರಂತೆ. ಒಳಗೆ ರಾಜನ ಪಾತ್ರದ ಮಖಮಲ್ಲಿನ ಕೋಟು, ಇಲಿ ಕಡಿದದ್ದು. ಉಡುಪು ನೋಡಿಕೊಳ್ಳುವ ಮೇಡಂ ಬರೆದಿದ್ದರು: ಒಂದು ತೂತು ಮುಚ್ಚಿ ಇಡಿ, ಇನ್ನೊಂದನ್ನು ಸೋಮವಾರ ಸಂಜೆ ನಾಲ್ಕಕ್ಕೆ ವಿಡಿಯೋದಲ್ಲಿ ನನ್ನ ಕಣ್ಣೆದುರು ಮುಚ್ಚಿ. ಕೈ ಒಪ್ಪಿಗೆಯಾದರೆ ಕಂಪನಿಯ ಹಳೆ ಉಡುಪೆಲ್ಲ ನಿಮ್ಮದೇ. ಇನ್ನೊಬ್ಬರನ್ನೂ ನೋಡಿದ್ದೇನೆ, ಅವತ್ತೇ ನಿರ್ಧಾರ ಮಾಡಿ ಮಾರನೇ ದಿನ ತಂಡದ ಜೊತೆ ಪ್ರವಾಸ ಹೊರಡುತ್ತೇನೆ. ಫೋನಿನಲ್ಲಿ ಎಳೆ ಕಾಣುವುದಿಲ್ಲ, ಕಂಪ್ಯೂಟರಿನಲ್ಲೇ ಬನ್ನಿ.

ಬಾಮೈದ ಬಂದು, ಮೇಜಿನ ಮೇಲೆ ಎರಡೂ ಕೈ ಕಾಣುವ ಹಾಗೆ ಕತ್ತು ಬಗ್ಗಿಸುವ ಕ್ಯಾಮೆರಾ ಜೋಡಿಸಿ ಹೋದ. ಹೋಗುವಾಗ ನನ್ನ ಮುಖವನ್ನೇ ನೋಡಿ, ಭಾವ, ಸೋಮವಾರ ನೀವು ಎಲ್ಲಾದರೂ ತಿರುಗಾಡಿಕೊಂಡು ಬನ್ನಿ ಎಂದ. ನನ್ನ ಆರೋಗ್ಯದ ಮೇಲೆ ಎಷ್ಟು ಕಾಳಜಿ ಎಂದುಕೊಂಡೆ.

ಸೋಮವಾರ ಬಂತು. ಪಂಪ್‌ಹೌಸಿಗೆ ದೊಡ್ಡ ಇಂಜಿನಿಯರು ಬರುವ ದಿನ ನಾವು ಮಾಮೂಲಿ ಸರ್ವಿಸ್ ಮಾಡುತ್ತಿರಲಿಲ್ಲ. ಅವತ್ತು ಫುಲ್ ಸರ್ವಿಸು. ನೀರು ಸೋರದಿರಲೆಂದು ಪಂಪಿನೊಳಗೆ ತುರುಕಿದ ಹಳೆ ಪ್ಯಾಕಿಂಗ್ ಚೂರೂ ಉಳಿಯದಂತೆ ಕೆರೆದು ತೆಗೆಯುವುದು. ಹೆಂಡತಿಯ ಜೀವನದ ಮುಖ್ಯ ದಿನ ಮಾಮೂಲಿ ಸರ್ವಿಸ್ ಮಾಡಿದರೆ ನಾಲ್ಕು ಜನ ಏನಂದಾರು. ಕಡ್ಡಿ ತೆಗೆದುಹಾಕುವ ಜಾಗದಲ್ಲಿ ಒಂದು ಪುಟ್ಟ ಚೌಕ ಇತ್ತು, ಪಕ್ಕದಲ್ಲಿ 'ಈ ಸಾಧನದ ಡ್ರೈವರ್ ಸಾಫ್ಟ್‌ವೇರ್ ಅನ್ನೂ ಅಳಿಸಿ' ಎಂದು ಬರೆದಿತ್ತು. ಇಷ್ಟು ದಿನ ಅದನ್ನು ಖಾಲಿ ಬಿಟ್ಟಿದ್ದೆನಲ್ಲ, ಹಳೆ ಪ್ಯಾಕಿಂಗ್ ಒಳಗೇ ಉಳಿದಿತ್ತಲ್ಲ ಎಂದು ನಾಚಿಕೆಯಾಯಿತು. ಚೌಕದಲ್ಲಿ ಟಿಕ್ ಹಾಕಿ ಅಳಿಸಿದೆ. ನಮ್ಮದೊಂದಕ್ಕೇ ಮಾಡಿ ಉಳಿದವರಿಗೆ ಮಾಮೂಲಿ ಮಾಡಿದರೆ ಪಕ್ಷಪಾತವಾಗುತ್ತದೆ. ಮೇಲೆ ಹೋಗಿ ಟೈಪಿಸ್ಟ್ ಅಮ್ಮನದು, ಚದುರಂಗದವರದು, ಕಾರ್ಯದರ್ಶಿಗಳದು, ಎಲ್ಲರದೂ ಟಿಕ್ ಹಾಕಿ ಅಳಿಸಿದೆ. ಫುಲ್ ಸರ್ವಿಸ್ ಆದ ಪಂಪನ್ನು ಕೂಡಲೇ ಓಡಿಸಬಾರದು, ಸ್ವಲ್ಪ ತಣ್ಣಗೆ ಕೂರಬೇಕು. ಹಾಗಾಗಿ ಊಟ ಆಗುವ ತನಕ ಯಾರೂ ಕಡ್ಡಿ ಸಿಕ್ಕಿಸಕೂಡದು ಎಂದು ಕಟ್ಟಪ್ಪಣೆ ಮಾಡಿ ಇಳಿದು ಬಂದೆ.

ಊಟ ಮಾಡಿ ನಮ್ಮದನ್ನು ಸಿಕ್ಕಿಸಿದೆ. ಟಿಣ್ ಎನ್ನಲಿಲ್ಲ. ಪಟ್ಟಿಯಲ್ಲಿ ನೋಡಿದರೆ ಕಡ್ಡಿಯ ಹೆಸರಿದ್ದ ಕಡೆ 'ಅಪರಿಚಿತ ಸಾಧನ' ಎಂದಿತ್ತು. ಪ್ರತಿ ಸೋಮವಾರ ಮೈ ತಿಕ್ಕಿಸಿಕೊಂಡ ಕಡ್ಡಿ, ಈಗ ಅಪರಿಚಿತ. ಡ್ರೈವರ್ ಸಿಗುತ್ತಿಲ್ಲ, ಇಂಟರ್ನೆಟ್‌ನಲ್ಲಿ ಹುಡುಕಲೇ ಎಂದು ಕಂಪ್ಯೂಟರು ಮರ್ಯಾದೆಯಿಂದ ಕೇಳಿತು. ಹುಡುಕು ಎಂದೆ. ಇಂಟರ್ನೆಟ್ ಸಂಪರ್ಕವಿಲ್ಲ, ವೈರ್‌ಲೆಸ್ ಸಾಧನವನ್ನು ಸರಿಪಡಿಸಿಕೊಳ್ಳಿ ಎಂದಿತು. ಸರಿಪಡಿಸು ಎಂದೆ. ಡ್ರೈವರ್ ಬೇಕು, ಇಂಟರ್ನೆಟ್‌ನಲ್ಲಿ ಹುಡುಕಲೇ ಎಂದಿತು. ಬಾವಿಯ ನೀರು ಎತ್ತಬೇಕಾದರೆ ಪಂಪಿಗೆ ಮೊದಲು ನೀರು ತುಂಬಬೇಕು. ಪಂಪ್‌ಹೌಸಿನಲ್ಲಾದರೆ ಇದಕ್ಕೆಂದೇ ಡ್ರಮ್ಮಿನಲ್ಲಿ ನೀರು ಇಟ್ಟಿರುತ್ತಿದ್ದೆವು. ಇಲ್ಲಿ ಆ ಡ್ರಮ್ಮನ್ನೇ ನಾನು ಬೆಳಿಗ್ಗೆ ಮಗುಚಿ ತೊಳೆದಿದ್ದೆ.

ನನ್ನವಳು ಕೋಟನ್ನು ಮಡಿಲಲ್ಲಿಟ್ಟುಕೊಂಡು ಸೂಜಿಗೆ ದಾರ ಪೋಣಿಸುತ್ತಿದ್ದಳು. ತಲೆಯೆತ್ತದೆ ಕೇಳಿದಳು.

"ಇಂಟರ್ನೆಟ್ ಇದೆಯಾ?"

"ಸರ್ವಿಸ್‌ನಲ್ಲಿದೆ" ಎಂದೆ.

ಅವಳ ಕೈ ನಿಂತಿತು. ಕೋಟಿನ ತೂತಿನ ಮೇಲೆ ಅಂಗೈ ಇಟ್ಟುಕೊಂಡು ಗೋಡೆ ನೋಡುತ್ತಾ ಕೂತಳು.

ಕಾರ್ಯದರ್ಶಿಗಳ ಮನೆಯಿಂದ ಡ್ರೈವರ್ ಇಳಿಸಿ ತರೋಣ ಎಂದು ಬಾಗಿಲು ತೆಗೆದೆ. ಅವರೇ ಮೆಟ್ಟಿಲಿಳಿದು ಬರುತ್ತಿದ್ದರು. ಹಿಂದೆ ಟೈಪಿಸ್ಟ್ ಅಮ್ಮ, ಅವರ ಹಿಂದೆ ಚದುರಂಗದವರು. ಎಲ್ಲರ ಕೈಯಲ್ಲೂ ಹೊಳೆಯುವ ಕಡ್ಡಿ. ಕಟ್ಟಡದಲ್ಲಿ ಡ್ರೈವರ್ ಇಳಿಸಿಕೊಳ್ಳಲು ಇಂಟರ್ನೆಟ್ ಇರುವ ಕಂಪ್ಯೂಟರು ಒಂದೂ ಇಲ್ಲ ಎಂಬುದು ಹೊಸ್ತಿಲ ಮೇಲೆ ನಿಂತಾಗ ನನಗೆ ಗೊತ್ತಾಯಿತು. ಅಷ್ಟು ಅಚ್ಚುಕಟ್ಟಾಗಿ ಕೆಲಸ ಮಾಡಿದ್ದೆ.

ಕಾರ್ಯದರ್ಶಿಗಳು ಆಗಲೇ ಇಂಟರ್ನೆಟ್ ಕಂಪನಿಯವರಿಗೆ ಫೋನು ಮಾಡಿ ಜಗಳ ಆಡಿಬಿಟ್ಟಿದ್ದರು. ಪೆಟ್ಟಿಗೆ ಸರಿಯಾಗಿದೆ, ನಿಮ್ಮ ಕಡೆಯೇ ಏನೋ ಆಗಿದೆ, ಯಾರಾದರೂ ಏನಾದರೂ ಮುಟ್ಟಿದಿರಾ ಎಂದು ಅಲ್ಲಿಯವರು ಕೇಳಿದರಂತೆ. ನಮ್ಮ ಕಟ್ಟಡದಲ್ಲಿ ಪ್ರತಿ ವಾರ ಸರ್ವಿಸ್ ಆಗುತ್ತದೆ ಎಂದು ಇವರು ಹೆಮ್ಮೆಯಿಂದ ಹೇಳಿದರಂತೆ. ಆ ಕಡೆಯವರು ಫೋನು ಇಟ್ಟುಬಿಟ್ಟರಂತೆ. ಟೈಪಿಸ್ಟ್ ಅಮ್ಮ, ಸಂಜೆಯೊಳಗೆ ಕಾಗದ ಹೋಗದಿದ್ದರೆ ವಕೀಲರು ನನ್ನ ಮೇಲೇ ಕೇಸು ಹಾಕುತ್ತಾರೆ ಎಂದರು. ಚದುರಂಗದವರಿಗೆ ಮೂರು ನಡೆಯಲ್ಲಿ ಗೆಲ್ಲುವ ಆಟ ಇತ್ತಂತೆ. ಇಷ್ಟು ಹೊತ್ತಿಗೆ ಎದುರಿನವನು ಸಮಯ ಮೀರಿತೆಂದು ತಾನೇ ಗೆದ್ದೆ ಅಂತ ಬರೆದುಕೊಂಡಿರುತ್ತಾನೆ, ನೀವು ನನ್ನ ರಾಣಿಯನ್ನೇ ಕೊಂದಿರಿ ಎಂದು ನನ್ನ ಕಡೆ ಬೆರಳು ತೋರಿಸಿದರು. ಕಡ್ಡಿಯ ಡಬ್ಬಿಯಲ್ಲಿ ಡ್ರೈವರಿನ ಸೀಡಿ ಬಂದಿತ್ತಲ್ಲ ಎಂದು ಯಾರೋ ನೆನಪು ಮಾಡಿದರು. ನಮ್ಮ ಸೀಡಿ ಬಾಲ್ಕನಿಯಲ್ಲಿ ದಾರಕ್ಕೆ ಕಟ್ಟಿಸಿಕೊಂಡು ಪಾರಿವಾಳ ಓಡಿಸುತ್ತಿತ್ತು. ಪಾರಿವಾಳವೂ ಹೆದರುತ್ತಿರಲಿಲ್ಲ, ಸೀಡಿಯೂ ಉಳಿದಿರಲಿಲ್ಲ. ಉಳಿದವರೂ ತಂತಮ್ಮ ಬಾಲ್ಕನಿಯಲ್ಲಿ ಕಟ್ಟಿದ್ದರು. ನನ್ನ ಸಲಹೆಯ ಮೇರೆಗೇ.

ಕೊನೆಗೆ ಬಾಮೈದನಿಗೆ ಫೋನು ಮಾಡಿದೆ. ಹುಟ್ಟಿದಾರಭ್ಯ ನಾನು ಮಾಡಿದ್ದನ್ನೆಲ್ಲ ಕೇಳುವವನ ಹಾಗೆ ತಾಳ್ಮೆಯಿಂದ ಕೇಳಿಸಿಕೊಂಡ.

"ಭಾವ, ಅಕ್ಕ ಪಕ್ಕದಲ್ಲಿದ್ದಾಳಾ?"

"ಇದ್ದಾಳೆ."

"ಹಾಗಾದರೆ ನಾನೇನೂ ಅನ್ನಲ್ಲ. ಕಡ್ಡಿ ಮೇಲಿನ ಚೀಟಿಯಲ್ಲಿ ವಿ ಅಕ್ಷರದ ಮುಂದೆ ಒಂದಿದೆಯೋ ಎರಡಿದೆಯೋ ಮೂರಿದೆಯೋ ನೋಡಿ. ಹೊರಗಿನಿಂದ ಎಲ್ಲ ಒಂದೇ ಥರ ಇದ್ದರೂ ಒಳಗಿನ ಚಿಪ್ ಬೇರೆ ಬೇರೆ ಇರುತ್ತೆ. ಅದಕ್ಕೆ ತಕ್ಕ ಡ್ರೈವರೇ ಬೇಕು. ಏನಿದೆ?"

ಕಡ್ಡಿಯನ್ನು ಬೆಳಕಿಗೆ ಹಿಡಿದು ತಿರುಗಿಸಿ ನೋಡಿದೆ. ನನ್ನ ಮುಖವೇ ಕಂಡಿತು.

"ಏನೂ ಇಲ್ಲ ಕಣಪ್ಪ. ಚೆನ್ನಾಗಿ ಹೊಳೀತಿದೆ."

ಅವನು ಉಸಿರು ಬಿಟ್ಟದ್ದು ಈ ಕಡೆಗೆ ಕೇಳಿಸಿತು. ಆಮೇಲೆ ಅಕ್ಕನಿಗೆ ಫೋನು ಕೊಡಿ ಎಂದ. ಕೊಟ್ಟೆ. ಕಡ್ಡಿಯನ್ನು ಮರೆತುಬಿಡಿ, ಇಂಟರ್ನೆಟ್ ಇರುವ ಒಂದು ಫೋನನ್ನು ವೈರಿನಲ್ಲಿ ಕಂಪ್ಯೂಟರಿಗೆ ಜೋಡಿಸಿದರೆ ಸಾಕು, ಫೋನಿನ ಇಂಟರ್ನೆಟ್ ವೈರಿನಲ್ಲಿ ಹರಿದು ಬರುತ್ತದೆ, ಅದಕ್ಕೆ ವೈರ್‌ಲೆಸ್ಸಿನ ಡ್ರೈವರ್ ಬೇಕಾಗಿಲ್ಲ, ಎಂದು ಅವಳಿಗೆ ಹೇಳಿದ. ಫೋನಿನಲ್ಲಿ ಎಲ್ಲಿ ಏನು ಒತ್ತಬೇಕೆಂದೂ ಹೇಳಿದ. ಭಾವನ ಕೈಗೆ ಮಾತ್ರ ವೈರು ಕೊಡಬೇಡ ಎಂದು ಮೂರು ಸಲ ಹೇಳಿದ್ದು ನನಗೂ ಕೇಳಿಸಿತು.

ಸಂಜೆ ಅವನು ಬಂದು, ಕಡ್ಡಿಯ ಗುರುತಿನ ಸಂಖ್ಯೆ ಚೀಟಿಯಲ್ಲಿ ಹೋದರೂ ಕಂಪ್ಯೂಟರಿನೊಳಗೆ ಓದಲು ಸಿಗುತ್ತದೆಂದು ತೋರಿಸಿ, ಮನೆಮನೆಗೂ ಸರಿಯಾದ ಡ್ರೈವರ್ ಹಾಕಿ, ಒಂದೊಂದು ಪ್ರತಿಯನ್ನು ಬೇರೆ ಕಡೆ ಎತ್ತಿಟ್ಟು ಹೋದ. ಎಲ್ಲಿ ಎತ್ತಿಟ್ಟ ಎಂದು ನನಗೆ ಯಾರೂ ಹೇಳಿಲ್ಲ. ಅದು ಆಮೇಲಿನ ಮಾತು. ಆಗ ನಮ್ಮ ಮುಂದೆ ಇದ್ದದ್ದು ನಾಲ್ಕು ಗಂಟೆ.

ನಮ್ಮಿಬ್ಬರದೂ ಗುಂಡಿ ಒತ್ತುವ ಫೋನು. ಇಂಟರ್ನೆಟ್ ಇದ್ದದ್ದು ಕಾರ್ಯದರ್ಶಿಗಳ ಫೋನಿನಲ್ಲಿ. ಅದನ್ನು ಅವರು ಯಾರ ಕೈಗೂ ಕೊಡುವವರಲ್ಲ, ಸಂಘದ ಗುಟ್ಟೆಲ್ಲ ಅದರಲ್ಲಿದೆಯಂತೆ. ವೈರು ಗೇಣುದ್ದ. ಮುಂದಿನ ಕಿಂಡಿಯಲ್ಲಿ ಕ್ಯಾಮೆರಾ ಇತ್ತು, ಖಾಲಿ ಇದ್ದದ್ದು ಹಿಂದಿನದು, ಅದೂ ಮೇಜಿನ ಕೆಳಗೆ. ಹಾಗಾಗಿ ಫೋನು ಬಿಡಲೊಲ್ಲದ ಕಾರ್ಯದರ್ಶಿಗಳು, ಸಂಘದ ಇತಿಹಾಸದಲ್ಲೇ ಮೊದಲ ಬಾರಿಗೆ, ಮೇಜಿನ ಕೆಳಗೆ ಕಾಲು ಮಡಚಿ ಕೂತರು. ಫೋನಿಗೆ ಸಿಗ್ನಲ್ ಕಿಟಕಿಯ ಕಡೆಯಿಂದ ಬರಲಿ ಎಂದು ಟೈಪಿಸ್ಟ್ ಅಮ್ಮ ಅದರ ಪರದೆ ಬಟ್ಟೆ ಎತ್ತಿ ಹಿಡಿದು ನಿಂತರು. ಚದುರಂಗದವರು ಬಾಗಿಲು ಬಡಿಯುವವರನ್ನು ತಡೆಯಲು ನಿಂತರು. ಇಂಟರ್ನೆಟ್ ಬಂದದ್ದು ನೋಡಿ ನನಗೆ ಆಸೆಯಾಯಿತು. ಇನ್ನೂ ಹೊತ್ತಿದೆ, ಅಷ್ಟರಲ್ಲಿ ಒಂದು ಡ್ರೈವರ್ ಇಳಿಸಿ ನೋಡಲೇ ಎಂದೆ.

"ಇನ್ನು ಏನನ್ನೂ ಹಾಕಬೇಡಿ, ಏನನ್ನೂ ತೆಗೀಬೇಡಿ" ಎಂದಳು ನನ್ನವಳು. "ಕೈ ಕಟ್ಟಿಕೊಂಡು ಅಲ್ಲಿ ನಿಂತ್ಕೊಳ್ಳಿ."

ಕೈ ಕಟ್ಟಿಕೊಂಡು ನಿಂತೆ. ಎಲ್ಲಿಯ ತನಕ ಕಟ್ಟಿಕೊಂಡಿರಬೇಕೆಂದು ಕೇಳಲು ಧೈರ್ಯ ಬರಲಿಲ್ಲ.

ಪರದೆಯ ಮೇಲೆ ಮೇಡಂ ಬಂದರು. ಕನ್ನಡಕ ಹಾಕಿಕೊಂಡು, ಹೆಚ್ಚು ಮಾತಾಡದೆ, ಶುರು ಮಾಡಿ ಎಂದರು. ನನ್ನವಳು ಕೋಟಿನ ಒಳಹೊಲಿಗೆ ಬಿಚ್ಚಿ ಅದೇ ಬಣ್ಣದ ಎಳೆಗಳನ್ನು ಒಂದೊಂದಾಗಿ ಎಳೆದು ತೆಗೆದಳು. ತೂತಿನ ಅಂಚಿನಲ್ಲಿ ಸೂಜಿ ಇಳಿಯಿತು, ಎದ್ದಿತು, ಒಂದು ಎಳೆಯ ಮೇಲೆ, ಒಂದರ ಕೆಳಗೆ. ಇಷ್ಟು ವರ್ಷ ಒಂದೇ ಮನೆಯಲ್ಲಿದ್ದೂ ನಾನು ಅವಳ ಕೈಯನ್ನು ಅಷ್ಟು ಹೊತ್ತು ನೋಡಿರಲಿಲ್ಲ. ಕೈ ಕಟ್ಟಿಕೊಂಡು ನಿಂತವನಿಗೆ ಬೇರೆ ಕೆಲಸ ಇರಲಿಲ್ಲವಲ್ಲ. ತೂತು ನೋಡನೋಡುತ್ತಾ ಕಿರಿದಾಯಿತು. ಮೇಜಿನ ಕೆಳಗೆ ಕಾರ್ಯದರ್ಶಿಗಳ ಕಾಲು ಜೋಮು ಹಿಡಿದು ಒಂದು ಸಲ ಮೇಜು ಅಲುಗಿತು. ಪರದೆಯ ಚಿತ್ರ ನಿಂತುಬಿಟ್ಟಿತು, ಮೇಡಂ ಬಾಯಿ ತೆರೆದುಕೊಂಡೇ ಕೂತರು. ನಮ್ಮ ಉಸಿರೂ ನಿಂತಿತು. ಟೈಪಿಸ್ಟ್ ಅಮ್ಮ ಕಿಟಕಿಯ ಬಟ್ಟೆಯನ್ನು ಇನ್ನೂ ಮೇಲೆತ್ತಿದರು. ಮೇಡಂ ಬಾಯಿ ಮುಚ್ಚಿದರು. ಈ ನಡುವೆ ಸೂಜಿ ಮಾತ್ರ ನಿಂತಿರಲಿಲ್ಲ.

ಆಯಿತು ಎಂದಳು ನನ್ನವಳು. ಮೇಡಂ ಮುಂದಕ್ಕೆ ಬಾಗಿದರು. ಹತ್ತಿರ ಹಿಡಿಯಿರಿ ಎಂದರು. ತಿರುಗಿಸಿ ಎಂದರು. ಒಳಗಡೆ ತೋರಿಸಿ ಎಂದರು. ಆಮೇಲೆ ಕನ್ನಡಕ ತೆಗೆದು ಕೇಳಿದರು: "ಇಲಿ ಕಡಿದಿದ್ದು ಯಾವ ಕಡೆ?"

ನನ್ನವಳು ಬೆರಳಿಟ್ಟು ತೋರಿಸಿದಳು. ಮುಂದಿನ ತಿಂಗಳಿಂದ ಪೆಟ್ಟಿಗೆಗಳು ಬರುತ್ತವೆ, ರಾಣಿಯರ ಉಡುಪಿನಿಂದ ಶುರು ಮಾಡಿ ಎಂದರು ಮೇಡಂ. ಬಾಗಿಲಲ್ಲಿ ಚದುರಂಗದವರು, ಅಂತೂ ಒಂದಿಷ್ಟು ರಾಣಿಯರಾದರೂ ಉಳಿದರು ಎಂದು ಗೊಣಗಿದರು. ಆ ದನಿ ಮೇಡಂಗೆ ಕೇಳಿಸಿತು. ಆಗಲೇ ಅವರಿಗೆ ನನ್ನವಳ ಹಿಂದೆ ಇದ್ದ ನಾವೆಲ್ಲ ಕಂಡದ್ದು. ಯಾರಿವರೆಲ್ಲ ಎಂದು ಕೇಳಿದರು.

"ಇಂಟರ್ನೆಟ್ ಹಿಡ್ಕೊಂಡಿರೋರು, ಮೇಡಂ. ಒಬ್ಬರು ಮೇಜಿನ ಕೆಳಗೂ ಇದ್ದಾರೆ."

ಮೇಡಂ ನಕ್ಕರು. ಇಂಟರ್ನೆಟ್ಟಿನ ಗೋಳು ನಮ್ಮ ಆಫೀಸಿನಲ್ಲೂ ಇದೆ, ಕಂಪ್ಯೂಟರಿಗೆ ಸಿಕ್ಕಿಸುವ ಆ ವೈರ್‌ಲೆಸ್ ಕಡ್ಡಿ ಆಗಾಗ ನಿಂತುಹೋಗುತ್ತದೆ, ಅದನ್ನು ತಿಳಿದವರು ಒಬ್ಬರೂ ಸಿಗುತ್ತಿಲ್ಲ ಎಂದು ನೊಂದುಕೊಂಡರು. ನನ್ನ ಕಟ್ಟಿದ ಕೈ ತಾನಾಗಿ ಬಿಚ್ಚಿಕೊಂಡಿತು. ಗಂಟಲು ಸರಿಮಾಡಿಕೊಂಡು ಒಂದು ಹೆಜ್ಜೆ ಮುಂದೆ ಇಟ್ಟೆ. ಓ, ನಿಮ್ಮ ಯಜಮಾನರಿಗೆ ಗೊತ್ತಾ ಈ ಕೆಲಸ ಎಂದು ಮೇಡಂ ಆಸೆಯಿಂದ ಕೇಳಿದರು.

ನನ್ನವಳು ನನ್ನ ಕಡೆ ತಿರುಗಲಿಲ್ಲ.

"ಇಲ್ಲ ಮೇಡಂ. ಅವರು ನಿವೃತ್ತರು."

"ಯಾವಾಗಿಂದ?"

ಅವಳು ಕತ್ತರಿ ತೆಗೆದುಕೊಂಡು ಕೋಟಿನಲ್ಲಿ ಉಳಿದಿದ್ದ ದಾರದ ತುದಿಯನ್ನು ಕತ್ತರಿಸಿದಳು.

"ಇವತ್ತಿಂದ."

ಇದಕ್ಕೆ ಸಂಘದ ಒಪ್ಪಿಗೆ ಇದೆ ಎಂದು ಮೇಜಿನ ಕೆಳಗಿನಿಂದ ದನಿ ಬಂತು.